ಹೆಚ್ಚುವರಿ ಉಪಾಧ್ಯಾಯರ ಅನ್ನದ ಪ್ರಶ್ನೆ

ಗವಿಪುರದ ಗಂಗಾಧರೇಶ್ವರನ ಗುಡಿಯಲ್ಲಿ ಮಕರ ಸಂಕ್ರಮಣದ ಸಾಯಂಕಾಲ ಸೂರ್ಯಕಿರಣವು ನಂದಿಯ ಕೊಂಬುಗಳ ನಡುವೆ ಹಾದು ಲಿಂಗವನ್ನು ಮುಟ್ಟುವುದನ್ನು ನೋಡಲು ವರ್ಷಕ್ಕೊಂದು ಸಾರಿ ಜನ ಕಿಕ್ಕಿರಿದು ನೆರೆಯುತ್ತಾರೆ. ಆ ಗುಡಿಗೆ ಕೂಗಳತೆಯಲ್ಲಿರುವ ವಠಾರವೊಂದರಿಂದ ಉಪಾಧ್ಯಾಯರೊಬ್ಬರು ಈಚೆಗೆ ನಮ್ಮ ಕಾರ್ಯಾಲಯಕ್ಕೆ ದಯಮಾಡಿಸಿದ್ದರು. ಕೈಯಲ್ಲಿ ಬಟ್ಟೆಯ ಚೀಲ, ಚೀಲದ ತುಂಬ ಕಾಗದ. ಯಾವುದೋ ಕಾವ್ಯದ ಹಸ್ತಪ್ರತಿಯನ್ನು ತಂದಿರಬೇಕೆಂದು ನಾವು ಸ್ವಲ್ಪ ಅಧೈರ್ಯಪಟ್ಟದ್ದೂ ಉಂಟು. ಚೀಲದಿಂದ ಹೊರಬಂದವು ಅರ್ಜಿಗಳ ನಕಲುಗಳು, ವಿದ್ಯಾ ಇಲಾಖೆಯ ಹಿಂಬರಹಗಳು, ಒಂದು ವಕೀಲರ ನೋಟೀಸು.

“ಸ್ವಾಮಿ, ನನ್ನನ್ನು ಕೆಲಸದಿಂದ ತೆಗೆದಿದ್ದಾರೆಯೆ ಎಂದು ಕೇಳಿದರೆ ಇಲ್ಲವೆನ್ನುತ್ತಾರೆ. ಹಾಗಾದರೆ ಸಂಬಳವೆಲ್ಲಿ ಎಂದು ಕೇಳಿದರೆ ಯಾರೂ ಮಾತನಾಡುವುದಿಲ್ಲ” ಎಂದು ಅವರು ಪ್ರಾರಂಭಿಸಿದರು.

ಅವರು ಈ ಕಡೆಯ ಬಡಾವಣೆಗಳಲ್ಲಿನ ಅನುದಾನಿತ ಕನ್ನಡ ಪ್ರಾಥಮಿಕ ಶಾಲೆಯೊಂದರಲ್ಲಿ ೨೨ ವರ್ಷಗಳಿಂದ ಪಾಠ ಹೇಳುತ್ತಿರುವವರು. ವ್ಯವಹಾರವು ನ್ಯಾಯಸ್ಥಾನದ ಮೆಟ್ಟಿಲ ಬಳಿ ಬಂದಿರುವುದರಿಂದ ಅವರ ಹೆಸರನ್ನಾಗಲಿ ಶಾಲೆಯ ಹೆಸರನ್ನಾಗಲಿ ನಾವು ಹೇಳುವುದಿಲ್ಲ. ಹೇಳಬೇಕಾದ ಅಗತ್ಯವೂ ಇಲ್ಲ. ಇಂಥ ಶಾಲೆ ಬಸವನಗುಡಿಯಲ್ಲಿ ಉಂಟು, ಚಾಮರಾಜಪೇಟೆಯಲ್ಲಿ ಉಂಟು, ಮಲ್ಲೇಶ್ವರದಲ್ಲಿಯೂ ಉಂಟು. ಅವರು ಸೇರಿದಾಗ ತರಗತಿಗೆ ಎರಡೆರಡು ವಿಭಾಗಗಳಿದ್ದುವಂತೆ. ಈಗ ಐದು ತರಗತಿಗಳಿಂದ ಕೂಡಿಸಿ ೫೪ ಮಕ್ಕಳು. ಉಪಾಧ್ಯಾಯರು ಮೂವರು. ೨೨ ವರ್ಷ ಪಾಠ ಹೇಳಿದ ಇವರೇ ಆ ಮೂವರಲ್ಲಿ ಕಿರಿಯರು, ಏಕೆಂದರೆ ಇವರ ಅನಂತರ ಯಾರನ್ನೂ ನೇಮಿಸಿಲ್ಲ. ಹೆಚ್ಚಾದವರು ಯಾರೆಂಬ ಪ್ರಶ್ನೆ ಬಂದಾಗ ಕಿರಿಯರ ಮೇಲೆ ಬೆರಳು ಹೋಯಿತು.

ಆಡಳಿತ ಮಂಡಳಿಯವರು ಕ್ಷೇತ್ರ ಶಿಕ್ಷಣಾಧಿಕಾರಿಗಳಿಗೆ ಬರೆದರು: ಈ ಉಪಾಧ್ಯಾಯರು ನಮ್ಮಲ್ಲಿ ಹೆಚ್ಚುವರಿಯಾಗಿದ್ದಾರೆ, ಇವರನ್ನು ಬೇರೆ ಕಡೆಗೆ ತೆಗೆದುಕೊಳ್ಳಬೇಕು. ಅಧಿಕಾರಿಗಳು ಮೇಲಕ್ಕೆ ಬರೆದರು. ಮೇಲಿನವರು, ಖಾಲಿ ಹುದ್ದೆ ಎಲ್ಲಿದೆಯೆಂದು ತಿಳಿಸಿರಿ ಎಂದು ಕೆಳಕ್ಕೆ ಬರೆದರು. ಖಾಲಿ ಹುದ್ದೆಯಿದ್ದ ಇನ್ನೊಂದು ಶಾಲೆಯವರು, ನಮಗೆ ಬೇಕಾದವರು ಗಣಿತ ಹೇಳುವವರು, ಇವರು ಕನ್ನಡದವರು ಎಂದು ಬರೆದರು. ಈ ಪತ್ರವ್ಯವಹಾರವು ನಡೆಯುತ್ತಿರುವಾಗಲೇ ಶಾಲೆಯ ಸಂಬಳದ ಬಿಲ್ಲಿನಿಂದ ಇವರ ಹೆಸರು ಬಿದ್ದುಹೋಯಿತು. ಇಲಾಖೆಯನ್ನು ಕೇಳಿದರೆ, ಶಾಲೆಯಿಂದ ಬಿಲ್ಲು ಬಂದಿಲ್ಲ, ಬಾರದ ಬಿಲ್ಲಿಗೆ ಹಣ ಕೊಡುವುದೆಂತು ಎನ್ನುತ್ತದೆ. ಮಂಡಳಿಯವರನ್ನು ಕೇಳಿದರೆ, ಇಲಾಖೆಯು ಎರಡೇ ಹುದ್ದೆಗಳಿಗೆ ಮಂಜೂರಾತಿ ಕೊಟ್ಟಿದೆ, ಮೂರನೆಯವರ ಬಿಲ್ಲನ್ನು ಕಳುಹಿಸಿದರೆ ಆಕ್ಷೇಪಣೆ ಬರುತ್ತದೆ ಎನ್ನುತ್ತಾರೆ. ಹುಚ್ಚು ಬಿಡದ ಹೊರತು ಮದುವೆಯಾಗದು, ಮದುವೆಯಾಗದ ಹೊರತು ಹುಚ್ಚು ಬಿಡದು ಎಂಬ ಗಾದೆಯನ್ನು ಕಟ್ಟಿದ ನಮ್ಮ ಹಿರಿಯರು ಯಾವುದಾದರೊಂದು ಕಚೇರಿಯ ಅನುಭವವುಳ್ಳವರೇ ಆಗಿದ್ದಿರಬೇಕು. ಹೀಗೆ ಹದಿನಾಲ್ಕು ತಿಂಗಳುಗಳು ಕಳೆದಿವೆ. ಉಪಾಧ್ಯಾಯರು ಪ್ರತಿದಿನವೂ ಹತ್ತು ಗಂಟೆಗೆ ಮುಂಚೆಯೇ ಶಾಲೆಗೆ ಹೋಗುತ್ತಾರೆ. ಮೊದಮೊದಲು ಹಾಜರಿ ಪುಸ್ತಕದಲ್ಲಿ ರುಜು ಮಾಡುತ್ತಿದ್ದರು. ಈಚೆಗೆ ಅದನ್ನೂ ಅವರ ಮುಂದೆ ಇಡುವುದಿಲ್ಲ.

ಹೆಚ್ಚುವರಿ ಎಂಬ ಮಾತನ್ನು ಸ್ವಲ್ಪ ಬಿಡಿಸಿ ನೋಡಬೇಕು. ಅಕ್ಕಿ ಹೆಚ್ಚಾದರೆ ಕಣಜಕ್ಕೆ ಹಾಕಬಹುದು, ಹಣ ಹೆಚ್ಚಾದರೆ ಬ್ಯಾಂಕಿಗೆ ಕಟ್ಟಬಹುದು. ಮನುಷ್ಯನು ಹೆಚ್ಚಾದನೆಂದು ಬರೆದರೆ ಅವನನ್ನು ಎಲ್ಲಿ ಇಡತಕ್ಕದ್ದೆಂಬುದನ್ನೂ ಬರೆದವರೇ ಹೇಳಬೇಕಾಗುತ್ತದೆ. ೨೦೦೯ನೆಯ ಇಸವಿಯ ಕಡ್ಡಾಯ ಶಿಕ್ಷಣದ ಹಕ್ಕಿನ ಕಾಯಿದೆಯ ಅನುಸೂಚಿಯಲ್ಲಿ, ಒಂದರಿಂದ ಐದನೆಯ ತರಗತಿಯವರೆಗಿನ ಶಾಲೆಯಲ್ಲಿ ೬೦ ಮಕ್ಕಳವರೆಗೆ ಇಬ್ಬರು, ೬೧ರಿಂದ ೯೦ರವರೆಗೆ ಮೂವರು, ೯೧ರಿಂದ ೧೨೦ರವರೆಗೆ ನಾಲ್ವರು, ೨೦೦ರವರೆಗೆ ಐವರು ಉಪಾಧ್ಯಾಯರೆಂದು ಗೊತ್ತುಮಾಡಿದೆ. ಮಕ್ಕಳಿಗೆ ಇದಕ್ಕಿಂತ ಕಡಿಮೆಯಾಗಕೂಡದೆಂದು ಹಾಕಿದ ಗೆರೆ ಅದು. ಕಚೇರಿಗಳಲ್ಲಿ ಅದನ್ನೇ ಇದಕ್ಕಿಂತ ಹೆಚ್ಚಾಗಕೂಡದೆಂಬ ಗೆರೆಯಾಗಿ ಓದುವ ವಾಡಿಕೆ ಬಂದಿದೆ. ಐದು ತರಗತಿಗಳಿಗೆ ಇಬ್ಬರು ಎಂದರೆ ಯಾವ ಹೊತ್ತಿನಲ್ಲಿಯೂ ಮೂರು ತರಗತಿಗಳು ಗುರುವಿಲ್ಲದೆ ಕುಳಿತಿರಬೇಕು ಅಥವಾ ಒಂದೇ ಕೋಣೆಯಲ್ಲಿ ಎರಡು ಮೂರು ತರಗತಿಗಳನ್ನು ತುಂಬಬೇಕು. ಮಕ್ಕಳ ಕಡೆಯಿಂದ ಎಣಿಸಿದರೆ ಈ ಶಾಲೆಗೆ ಇಬ್ಬರು ಉಪಾಧ್ಯಾಯರು ಕಡಿಮೆಯಾಗಿದ್ದಾರೆ. ಲೆಕ್ಕಪತ್ರದ ಕಡೆಯಿಂದ ಎಣಿಸಿದರೆ ಒಬ್ಬರು ಹೆಚ್ಚಾಗಿದ್ದಾರೆ.

ಮಕ್ಕಳು ಕಡಿಮೆಯಾದದ್ದು ಹೇಗೆ? ಈ ವಿಷಯದಲ್ಲಿ ತಾಯಿತಂದೆಗಳನ್ನು ಬಯ್ಯುವ ಚಟ ನಮ್ಮವರಲ್ಲಿ ಬಹಳವಾಗಿದೆ. ನಾವು ಆ ಗುಂಪಿಗೆ ಸೇರಿದವರಲ್ಲ. ಪ್ರಾಥಮಿಕ ಶಿಕ್ಷಣವು ತಾಯ್ನುಡಿಯಲ್ಲಿ ಅಥವಾ ಕನ್ನಡದಲ್ಲಿ ನಡೆಯತಕ್ಕದ್ದೆಂದು ಸರ್ಕಾರದವರು ೧೯೯೪ನೆಯ ಏಪ್ರಿಲ್ ೨೯ರಂದು ಆಜ್ಞೆ ಮಾಡಿದರು. ಕನ್ನಡ ಮಾಧ್ಯಮದ ಹೆಸರಿನಲ್ಲಿ ಅನುಮತಿಯನ್ನು ಪಡೆದು ಒಳಗೆ ಇಂಗ್ಲಿಷಿನಲ್ಲಿ ಪಾಠ ಹೇಳಿದ ಶಾಲೆಗಳ ಕಥೆ ಎಲ್ಲರಿಗೂ ತಿಳಿದದ್ದೇ. ಆ ಆಜ್ಞೆಯು ೨೦೦೮ರ ಜುಲೈನಲ್ಲಿ ಉಚ್ಚ ನ್ಯಾಯಾಲಯದ ಪೂರ್ಣಪೀಠದ ಮುಂದೆ ನಿಲ್ಲಲಿಲ್ಲ. ೨೦೧೪ನೆಯ ಮೇ ೬ರಂದು ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಮೂರ್ತಿಗಳ ಪೀಠವು ಮಾಧ್ಯಮವನ್ನು ಆರಿಸುವ ಹಕ್ಕು ತಾಯಿತಂದೆಗಳದ್ದೆಂದು ತೀರ್ಮಾನಿಸಿತು. ೨೦೧೯ರಲ್ಲಿ ಸರ್ಕಾರದವರೇ ತಮ್ಮ ಸಾವಿರ ಶಾಲೆಗಳಲ್ಲಿ ಇಂಗ್ಲಿಷ್ ಮಾಧ್ಯಮದ ವಿಭಾಗಗಳನ್ನು ತೆರೆಯಲು ಹೊರಟರು. ಇಪ್ಪತ್ತೈದು ವರ್ಷಗಳ ಈ ತೂಗುಯ್ಯಾಲೆಯಲ್ಲಿ ಗವಿಪುರದ ಆ ಉಪಾಧ್ಯಾಯರನ್ನು ಯಾರಾದರೂ ಒಂದು ಮಾತು ಕೇಳಿದರೆ? ಅವರ ಶಾಲೆಯ ಮಹಡಿಯ ಮೇಲೆಯೇ ಅದೇ ಮಂಡಳಿಯವರು ಶುಲ್ಕ ತೆಗೆದುಕೊಳ್ಳುವ ಇಂಗ್ಲಿಷ್ ಶಾಲೆಯನ್ನು ನಡೆಸುತ್ತಿದ್ದಾರೆ. ಕೆಳಗಿನ ಕೋಣೆಗಳು ಬರಿದಾದಷ್ಟೂ ಮೇಲಿನ ಕೋಣೆಗಳು ತುಂಬಿದುವು. ಇದು ಕಾನೂನಿಗೆ ವಿರುದ್ಧವೆಂದು ನಾವು ಹೇಳುವುದಿಲ್ಲ. ಆದರೆ ಕೆಳಗಿನವರು ಹೆಚ್ಚುವರಿಯಾದದ್ದು ಕಾಲಧರ್ಮದಿಂದ ಎಂದು ಮಂಡಳಿಯವರು ಹೇಳುವಾಗ ಮಹಡಿಯ ಮೆಟ್ಟಿಲನ್ನು ಕಟ್ಟಿಸಿದವರು ಯಾರೆಂಬುದನ್ನು ನೆನೆದುಕೊಳ್ಳಬಹುದು.

ಇನ್ನು ಕಾನೂನು. ನಮ್ಮ ರಾಜ್ಯದ ಶಿಕ್ಷಣ ಕಾಯಿದೆಯು ೧೯೮೩ರ ಹೆಸರನ್ನು ಹೊತ್ತು ೧೯೯೫ರ ಒಂದನೆಯ ಕಾಯಿದೆಯಾಗಿ ಪ್ರಕಟವಾಯಿತು. ಹನ್ನೆರಡು ವರ್ಷ ಗರ್ಭವಾಸ ಮಾಡಿದ ಕೂಸು ಅದು. ವಿಚಾರಣೆಯಿಲ್ಲದೆ ಯಾವ ಉಪಾಧ್ಯಾಯನನ್ನೂ ವಜಾ ಮಾಡಕೂಡದೆಂದು ಅದರ ೯೨ನೆಯ ಕಲಮು ಹೇಳುತ್ತದೆ. ವಜಾ ಆದವರು ಮೂರು ತಿಂಗಳೊಳಗಾಗಿ ಜಿಲ್ಲಾ ನ್ಯಾಯಾಧೀಶರ ದರ್ಜೆಯ ಶಿಕ್ಷಣ ಮೇಲ್ಮನವಿ ನ್ಯಾಯಾಧಿಕರಣಕ್ಕೆ ಹೋಗಬಹುದು. ಹುದ್ದೆ ಹೆಚ್ಚಾಯಿತೆಂಬ ಕಾರಣದಿಂದ ನೌಕರರನ್ನು ಇಳಿಸುವುದಕ್ಕೆ ೯೮ನೆಯ ಕಲಮು ಪ್ರತ್ಯೇಕವಾಗಿಯೇ ಇದೆ; ಸಕ್ಷಮ ಪ್ರಾಧಿಕಾರದ ಪೂರ್ವಾನುಮತಿಯಿಲ್ಲದೆ ಅದನ್ನು ಮಾಡುವಂತಿಲ್ಲ. ಪೂರ್ವಾನುಮತಿ ಎಂದರೆ ಮೊದಲೇ ಪಡೆಯತಕ್ಕ ಅನುಮತಿ. ಮೊದಲು ಸಂಬಳವನ್ನು ನಿಲ್ಲಿಸಿ, ಆಮೇಲೆ ಅನುಮತಿಗೆ ಬರೆದು, ಬಾರದಿದ್ದರೆ ಸುಮ್ಮನಿರುವುದು ಆ ಪದದ ಅರ್ಥಕ್ಕೆ ಒಗ್ಗುವುದಿಲ್ಲ. ಅನುಮತಿ ದೊರೆಯುವವರೆಗೆ ಉಪಾಧ್ಯಾಯನು ಆ ಶಾಲೆಯ ನೌಕರನೇ. ನೌಕರನಾಗಿರುವವರೆಗೆ ಸಂಬಳ ಅವನದೇ.

ನಮ್ಮಲ್ಲಿ ಇಂಥ ನ್ಯಾಯಾಧಿಕರಣವು ಹೊಸದಲ್ಲವೆಂಬುದನ್ನು ಇಲ್ಲಿ ಅಭಿಮಾನದಿಂದ ಹೇಳಬಹುದು. ಖಾಸಗಿ ಶಿಕ್ಷಣ ಸಂಸ್ಥೆಗಳ ಶಿಸ್ತು ಮತ್ತು ನಿಯಂತ್ರಣದ ೧೯೭೫ರ ಕಾಯಿದೆಯಲ್ಲಿಯೇ ಕರ್ನಾಟಕವು ಅದನ್ನು ಏರ್ಪಡಿಸಿತ್ತು. ಮಣಿಪಾಲದಿಂದ ಹೊರಟ ಟಿ. ಎಂ. ಎ. ಪೈ ಪ್ರತಿಷ್ಠಾನದ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯದ ಹನ್ನೊಂದು ನ್ಯಾಯಮೂರ್ತಿಗಳು ೨೦೦೨ರಲ್ಲಿ ತೀರ್ಪು ಕೊಡುವಾಗ, ಖಾಸಗಿ ಸಂಸ್ಥೆಗಳ ನೌಕರರ ದೂರುಗಳನ್ನು ಕೇಳಲು ಜಿಲ್ಲೆಯಲ್ಲಿಯೇ ನ್ಯಾಯಾಧಿಕರಣವಿರಬೇಕೆಂದು ಇಡೀ ದೇಶಕ್ಕೆ ಸೂಚಿಸಿದರು. ನಮಗೆ ಅದು ಹಳೆಯ ಮಾತಾಗಿತ್ತು.

ಆದರೆ ನಮ್ಮ ಉಪಾಧ್ಯಾಯರಿಗೆ ಈ ಬಾಗಿಲೂ ಸುಲಭವಾಗಿ ತೆರೆಯುವುದಿಲ್ಲ. ಅವರ ಮೇಲೆ ಯಾವ ಆಜ್ಞೆಯೂ ಆಗಿಲ್ಲ! ವಜಾ ಮಾಡಿದ ಆಜ್ಞೆಯಿದ್ದರೆ ಅದರ ಮೇಲೆ ಮೇಲ್ಮನವಿ. ಆಜ್ಞೆಯನ್ನೇ ಬರೆಯದೆ ಬಿಲ್ಲಿನಿಂದ ಹೆಸರನ್ನು ಬಿಟ್ಟರೆ ಮೇಲ್ಮನವಿ ಯಾವುದರ ಮೇಲೆ? ಇದನ್ನು ಯೋಚಿಸಿಯೇ ಮಾಡಿದರೋ ಅಥವಾ ತಾನಾಗಿ ಆಯಿತೋ ನಾವು ಹೇಳಲಾರೆವು. ಏನೇ ಆಗಲಿ, ಕತ್ತಿಯಿಂದ ಕಡಿದರೆ ಗಾಯ ತೋರಿಸಬಹುದು, ಉಪವಾಸ ಕೆಡವಿದವರ ಮೇಲೆ ಸಾಕ್ಷ್ಯ ಹುಡುಕುವುದು ಕಷ್ಟ. ಆದುದರಿಂದ ಅವರ ವಕೀಲರು ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿಯನ್ನು ಹಾಕಬೇಕೆಂದು ಸಲಹೆ ಕೊಟ್ಟಿದ್ದಾರೆ.

ಖಾಸಗಿ ಮಂಡಳಿಯ ಮೇಲೆ ರಿಟ್ ನಡೆಯುತ್ತದೆಯೆ ಎಂಬ ಶಂಕೆಗೆ ಉತ್ತರವನ್ನು ಕೊಟ್ಟವರು ಕರ್ನಾಟಕದಿಂದ ದೆಹಲಿಗೆ ಹೋದ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿಯವರು. ಅಹಮದಾಬಾದಿನ ಒಂದು ಧರ್ಮದತ್ತಿಯು ವಿಜ್ಞಾನ ಕಾಲೇಜೊಂದನ್ನು ನಡೆಸುತ್ತಿತ್ತು. ಉಪನ್ಯಾಸಕರ ಸಂಬಳ ಸಾರಿಗೆಯ ವಿಷಯದಲ್ಲಿ ವಿವಾದವು ಬೆಳೆಯಿತು. ದತ್ತಿಯವರು ೧೯೭೫ರ ಜೂನ್‌ನಲ್ಲಿ ಕಾಲೇಜಿನ ಬಾಗಿಲನ್ನೇ ಮುಚ್ಚಿ ಉಪನ್ಯಾಸಕರನ್ನು ಬೀದಿಗೆ ಬಿಟ್ಟರು. ಬಾಕಿ ಸಂಬಳಕ್ಕೂ ಕೊನೆಯ ಸೌಲಭ್ಯಗಳಿಗೂ ಅವರು ನ್ಯಾಯಾಲಯಕ್ಕೆ ಹೋದಾಗ ದತ್ತಿಯವರು ಮುಂದಿಟ್ಟ ವಾದವೆಂದರೆ, ನಾವು ಖಾಸಗಿ ಸಂಸ್ಥೆ, ನಮ್ಮ ಮೇಲೆ ರಿಟ್ ನಡೆಯದು ಎಂಬುದು. ೧೯೮೯ರ ಏಪ್ರಿಲ್‌ನಲ್ಲಿ ಶೆಟ್ಟಿಯವರು ಆ ವಾದವನ್ನು ಒಪ್ಪಲಿಲ್ಲ. ಸರ್ಕಾರದ ಹಣವನ್ನು ಪಡೆದು, ವಿಶ್ವವಿದ್ಯಾನಿಲಯದ ನಿಯಮಗಳಿಗೆ ಒಳಪಟ್ಟು, ಸಾರ್ವಜನಿಕರ ಮಕ್ಕಳಿಗೆ ವಿದ್ಯೆ ಕೊಡುವ ಸಂಸ್ಥೆಯ ಕರ್ತವ್ಯವು ಸಾರ್ವಜನಿಕ ಕರ್ತವ್ಯ. ಅದರ ಹೆಸರು ಏನೇ ಇರಲಿ, ಕರ್ತವ್ಯವನ್ನು ನೋಡಬೇಕು. ಬಾಕಿ ಸಂಬಳವನ್ನು ಕೊಡೆಂದು ಅದಕ್ಕೆ ಆಜ್ಞಾಪಿಸಬಹುದು ಎಂಬುದು ಆ ತೀರ್ಪಿನ ಸಾರ. ಇದೇ ಮಹನೀಯರು ಮುಂದೆ ರಾಷ್ಟ್ರದ ಮೊದಲನೆಯ ನ್ಯಾಯಾಂಗ ವೇತನ ಆಯೋಗದ ಅಧ್ಯಕ್ಷರಾಗಿ ನ್ಯಾಯಾಧೀಶರ ಸಂಬಳವನ್ನೂ ಗೊತ್ತುಮಾಡಲು ಶಿಫಾರಸು ಮಾಡಿದರು. ಸಂಬಳವೆಂಬುದು ಮನೆಯೊಳಗೆ ಏನನ್ನು ಮಾಡುತ್ತದೆಂದು ಅವರು ಬಲ್ಲವರಾಗಿದ್ದರು.

ಆ ತೀರ್ಪಿಗೂ ಹದಿನಾಲ್ಕು ವರ್ಷಗಳು ಹಿಡಿದುವೆಂಬುದನ್ನು ಮಾತ್ರ ವಾಚಕರು ಮರೆಯಬಾರದು. ಅಲ್ಲದೆ ಅನುದಾನವೇ ಇಲ್ಲದ ಶಾಲೆಗಳ ನೌಕರರಿಗೆ ಈ ದಾರಿಯು ೨೦೨೨ರ ಆಗಸ್ಟ್‌ನಿಂದ ಇನ್ನೂ ಇಕ್ಕಟ್ಟಾಗಿದೆ. ಶಾಸನದ ಆಧಾರವಿಲ್ಲದೆ ಕೇವಲ ಕರಾರಿನ ಮೇಲೆ ನಿಂತ ಸೇವಾ ವಿವಾದಕ್ಕೆ ರಿಟ್ ಸಲ್ಲದೆಂದು ಸರ್ವೋಚ್ಚ ನ್ಯಾಯಾಲಯವು ಹೇಳಿತು. ೨೦೨೦ರ ಮಹಾಮಾರಿಯಲ್ಲಿ ಅಂಥ ಶಾಲೆಗಳ ಎಷ್ಟೋ ಮಂದಿ ಉಪಾಧ್ಯಾಯರು ಸಂಬಳವಿಲ್ಲದೆ ತರಕಾರಿ ಮಾರಿದರು, ಕೂಲಿಗೆ ಹೋದರು. ೨೦೨೧ರಲ್ಲಿ ಸರ್ಕಾರದವರು ಅವರಿಗೆ ಒಂದು ಸಲಕ್ಕೆ ತಲಾ ೫,೦೦೦ ರೂಪಾಯಿ ಸಹಾಯವನ್ನು ಪ್ರಕಟಿಸಿದರು. ಅವರ ಕಥೆಯನ್ನು ಇನ್ನೊಂದು ದಿನ ಹೇಳಬೇಕಾಗಿದೆ.

ದುಡಿಯದವನಿಗೆ ಸಂಬಳವಿಲ್ಲ ಎಂಬುದು ಇಲಾಖೆಯವರು ಕಟ್ಟಕಡೆಗೆ ಎಸೆಯುವ ಅಸ್ತ್ರ. ದುಡಿಯಲು ಬಂದವನನ್ನು ದುಡಿಯಗೊಡದೆ ಕುಳ್ಳಿರಿಸಿದವರು ಈ ಮಾತನ್ನು ಆಡಲು ಅರ್ಹರಲ್ಲವೆಂದು ಸರ್ವೋಚ್ಚ ನ್ಯಾಯಾಲಯವು ೧೯೯೧ರಲ್ಲಿಯೇ, ಜಾನಕೀರಾಮನ್ ಎಂಬವರ ವ್ಯವಹಾರದಲ್ಲಿ, ತಿಳಿಸಿಕೊಟ್ಟಿದೆ. ಮಹಾರಾಷ್ಟ್ರದ ಪ್ರಾಥಮಿಕ ಶಾಲೆಯೊಂದರ ಶಿಕ್ಷಕಿಯು ೨೦೧೩ರಲ್ಲಿ ಗೆದ್ದ ವ್ಯಾಜ್ಯದಲ್ಲಿ ಇನ್ನೂ ಸ್ಪಷ್ಟವಾಗಿ, ಅಕ್ರಮವಾಗಿ ಕೆಲಸದಿಂದ ತೆಗೆದವರಿಗೆ ಹಿಂದಿನ ಸಂಬಳವನ್ನು ಕೊಡುವುದೇ ಸಾಮಾನ್ಯ ನಿಯಮ, ವ್ಯಾಜ್ಯವು ಉದ್ದಕ್ಕೆ ಎಳೆದ ಲಾಭವು ಕೆಲಸ ಕೊಟ್ಟವರಿಗೆ ಸೇರಕೂಡದು ಎಂದು ತೀರ್ಮಾನವಾಯಿತು. ಆಂಧ್ರದ ಸರ್ಕಾರವು ಸೋಂಕಿನ ಕಾಲದಲ್ಲಿ ತಡೆಹಿಡಿದ ಸಂಬಳ ಮತ್ತು ನಿವೃತ್ತಿ ವೇತನವನ್ನು ನೂರಕ್ಕೆ ಆರರಂತೆ ಬಡ್ಡಿ ಸೇರಿಸಿ ಕೊಡಬೇಕೆಂದು ೨೦೨೧ರ ಫೆಬ್ರವರಿಯಲ್ಲಿ ಆಜ್ಞೆಯಾಯಿತು. ಸರ್ಕಾರವೇ ಆಗಲಿ, ತಡಮಾಡಿದ ಸಂಬಳಕ್ಕೆ ಬಡ್ಡಿಯನ್ನು ತೆರಬೇಕು. ಗವಿಪುರದ ಉಪಾಧ್ಯಾಯರು ಈ ಹದಿನಾಲ್ಕು ತಿಂಗಳು ಅಂಗಡಿಯವನಿಗೂ ಕೈಸಾಲ ಕೊಟ್ಟವರಿಗೂ ಕಟ್ಟಿರುವ ಬಡ್ಡಿ ನೂರಕ್ಕೆ ಆರಕ್ಕಿಂತ ಬಹಳ ಹೆಚ್ಚೆಂಬುದು ಬೇರೆ ಮಾತು.

ನ್ಯಾಯಾಲಯಗಳು ಕೊಟ್ಟದ್ದನ್ನು ಶಾಸನಸಭೆಯು ಹಿಂತೆಗೆದುಕೊಂಡ ಉದಾಹರಣೆಯೂ ನಮ್ಮಲ್ಲಿದೆ. ಶಾಲೆಯು ಅನುದಾನಕ್ಕೆ ಒಳಪಡುವ ಮೊದಲು ಮಾಡಿದ ಸೇವೆಯನ್ನು ಎಣಿಸಿ ಸಂಬಳವನ್ನೂ ನಿವೃತ್ತಿ ವೇತನವನ್ನೂ ಗೊತ್ತುಮಾಡಬೇಕೆಂದು ಹಲವರು ಉಪಾಧ್ಯಾಯರು ಆಜ್ಞೆಗಳನ್ನು ಪಡೆದಿದ್ದರು. ೨೦೧೪ರಲ್ಲಿ ಸರ್ಕಾರದವರು ಖಾಸಗಿ ಅನುದಾನಿತ ಸಂಸ್ಥೆಗಳ ನೌಕರರ ವೇತನ ಮತ್ತು ನಿವೃತ್ತಿ ವೇತನವನ್ನು ಕುರಿತು ಒಂದು ಕಾಯಿದೆಯನ್ನೇ ಮಾಡಿ ಆ ಸೇವೆಯು ಲೆಕ್ಕಕ್ಕೆ ಬಾರದೆಂದು ವಿಧಿಸಿದರು. ಬೊಕ್ಕಸದ ಭಾರವೇನೆಂಬುದನ್ನು ನಾವು ಅರಿಯದವರಲ್ಲ. ಆದರೂ ಹತ್ತು ವರ್ಷ ಅರೆಹೊಟ್ಟೆಯಲ್ಲಿ ಶಾಲೆಯನ್ನು ಕಟ್ಟಿದವನ ಆ ಹತ್ತು ವರ್ಷಗಳೇ ಸರ್ಕಾರದ ಕಡತದಲ್ಲಿ ಇಲ್ಲವಾಗುವುದು ಎಂಥ ಲೆಕ್ಕ? ದೇವರು ವರ ಕೊಟ್ಟರೂ ಪೂಜಾರಿ ಕೊಡನೆಂಬುದು ಇದಕ್ಕೇ ಹೇಳಿದ ಮಾತು.

ಉಪಾಧ್ಯಾಯನ ಯಜಮಾನನು ಯಾರೆಂಬ ಈ ತಕರಾರು ಇಂದಿನದಲ್ಲ. ಹಳೆಯ ಮೈಸೂರಿನಲ್ಲಿ ೧೯೧೩ರಲ್ಲಿ ಪ್ರಾಥಮಿಕ ಶಿಕ್ಷಣದ ಕಾನೂನು ಹುಟ್ಟಿತು. ೧೯೩೦ರ ಕಾನೂನು ಶಾಲೆಗಳನ್ನು ಸ್ಥಳೀಯ ಸಂಸ್ಥೆಗಳ ಕೈಗೆ ಕೊಟ್ಟಿತು. ೧೯೪೧ರ ಕಾನೂನು ಅವುಗಳನ್ನು ಮತ್ತೆ ಸರ್ಕಾರದ ಕೈಗೆ ತಂದಿತು. ಒಂದು ಕೈಯಿಂದ ಇನ್ನೊಂದು ಕೈಗೆ ಹೋಗಿ ಬರುವಾಗಲೂ ಪಾಠಗಳೇನೋ ನಡೆದುವು, ಏಕೆಂದರೆ ಕೊನೆಗೆ ಹೊಣೆ ಹೊತ್ತವರು ಯಾರೆಂಬುದು ಕಾನೂನಿನಲ್ಲಿಯೇ ಬರೆದಿತ್ತು. ಅನುದಾನಿತ ಶಾಲೆಯಲ್ಲಿ ನೇಮಕವು ಮಂಡಳಿಯದು, ಹಣವು ಸರ್ಕಾರದ್ದು. ಇಬ್ಬರೂ ಒಗ್ಗಟ್ಟಾಗಿರುವವರೆಗೆ ಚಿಂತೆಯಿಲ್ಲ. ಒಡಕು ಬಂದ ದಿನ ಗಂಡಹೆಂಡಿರ ಜಗಳದಲ್ಲಿ ಕೂಸು ಬಡವಾಗುತ್ತದೆ.

ನಮ್ಮದೇ ಜನ ಗಡಿಯಾಚೆ ಕಾಸರಗೋಡಿನಲ್ಲಿದ್ದಾರೆ. ೧೯೫೬ರಲ್ಲಿ ಆ ಸೀಮೆಯು ಕೇರಳಕ್ಕೆ ಸೇರಿದ ನೋವು ಕನ್ನಡಿಗರಿಗೆ ಇನ್ನೂ ಆರಿಲ್ಲ. ಅಲ್ಲಿನ ಕನ್ನಡ ಶಾಲೆಗಳ ಮೇಲೆ ಮಲಯಾಳದ ಒತ್ತಡವನ್ನು ನಾವು ಈ ಪುಟದಲ್ಲಿ ಅನೇಕ ವೇಳೆ ಖಂಡಿಸಿದ್ದೇವೆ. ಆದರೆ ಸತ್ಯವನ್ನು ಹೇಳಬೇಕಾದಾಗ ಹೇಳಲೇಬೇಕು. ಅನುದಾನಿತ ಶಾಲೆಯ ಉಪಾಧ್ಯಾಯರ ಸಂಬಳವನ್ನು ಸರ್ಕಾರವೇ ನೇರವಾಗಿ ಅಥವಾ ಮುಖ್ಯೋಪಾಧ್ಯಾಯರ ಮೂಲಕ ಕೊಡತಕ್ಕದ್ದೆಂದು ಕೇರಳದ ೧೯೫೮ರ ಶಿಕ್ಷಣ ಕಾಯಿದೆಯು ವಿಧಿಸಿದೆ. ಮಂಡಳಿಯವನ ಕೈಗೆ ಆ ಬೀಗದ ಕೈಯನ್ನು ಕೊಟ್ಟಿಲ್ಲ. ಹುದ್ದೆಯಿಲ್ಲದೆ ಹೊರಬಿದ್ದ ಅರ್ಹ ಉಪಾಧ್ಯಾಯನಿಗೆ ಅದೇ ಮಂಡಳಿಯ ಶಾಲೆಗಳಲ್ಲಿ ಮುಂದೆ ಬರುವ ಖಾಲಿ ಜಾಗದ ಮೇಲೆ ಮೊದಲ ಹಕ್ಕು ಉಂಟೆಂದು ಅಲ್ಲಿನ ನಿಯಮಾವಳಿಯ ೫೧-ಎ ಹೇಳುತ್ತದೆ. ಸಂರಕ್ಷಿತ ಉಪಾಧ್ಯಾಯರೆಂಬ ಒಂದು ವರ್ಗವೇ ಅಲ್ಲಿ ಉಂಟು. ಅಲ್ಲಿಯೂ ವ್ಯಾಜ್ಯಗಳಿಗೆ ಬರವಿಲ್ಲ, ಆದರೆ ಅವು ಬಹುಮಟ್ಟಿಗೆ ಯಾರು ಮೊದಲು, ಯಾವ ಹುದ್ದೆ ಎಂಬುದರ ಮೇಲೆ ನಡೆಯುತ್ತವೆ. ಮಂಜೇಶ್ವರದ ಕನ್ನಡ ಮಾಸ್ತರರಿಗೆ ಇರುವ ಈ ಆಸರೆಯು ಗವಿಪುರದ ಕನ್ನಡ ಮಾಸ್ತರರಿಗೆ ಕರ್ನಾಟಕದ ರಾಜಧಾನಿಯಲ್ಲಿ ಇಲ್ಲವೆಂಬುದು ನಮಗೆ ನಾಚಿಕೆಯ ವಿಷಯ.

ಮಂಡಳಿಗಳ ಪಕ್ಷವನ್ನೂ ಕೇಳಬೇಕು. ಈ ಬಡಾವಣೆಗಳ ಶಾಲೆಗಳನ್ನು ಕಟ್ಟಿದವರು ಲಾಭಕೋರರಾಗಿರಲಿಲ್ಲ. ಬಸವನಗುಡಿಯಲ್ಲಿ ನ್ಯಾಷನಲ್ ಹೈಸ್ಕೂಲು ೧೯೧೭ರಲ್ಲಿ ರಾಷ್ಟ್ರೀಯ ಶಿಕ್ಷಣದ ಹುಮ್ಮಸ್ಸಿನಿಂದ ಹುಟ್ಟಿತು. ಆಚಾರ್ಯ ಪಾಠಶಾಲೆಯು ೧೯೩೫ರಲ್ಲಿ ಎನ್. ಅನಂತಾಚಾರ್ಯರ ಶ್ರಮದಿಂದ ಪ್ರಾರಂಭವಾಯಿತು. ಅಂಥವರನ್ನು ನೋಡಿ ಮನೆಯ ಜಗಲಿಗಳಲ್ಲಿ, ಛತ್ರಗಳಲ್ಲಿ ಸಣ್ಣಪುಟ್ಟ ಪಾಠಶಾಲೆಗಳನ್ನು ತೆರೆದವರು ಎಷ್ಟೋ ಮಂದಿ. ಅಂಥ ಸಣ್ಣ ಮಂಡಳಿಗೆ ಇಂದು ಸುಣ್ಣ ಬಳಿಸುವುದಕ್ಕೂ ಹಣವಿಲ್ಲ. ನಿವೃತ್ತರಾದವರ ಜಾಗವನ್ನು ತುಂಬಲು ಹಣಕಾಸಿನ ಇಲಾಖೆಯ ಒಪ್ಪಿಗೆಯನ್ನು ವರ್ಷಗಟ್ಟಲೆ ಕಾಯಬೇಕು. ಗಣಿತದವರು ನಿವೃತ್ತರಾದರೆ ಗಣಿತವೇ ನಿಲ್ಲುತ್ತದೆ. ಗಣಿತವಿಲ್ಲದ ಶಾಲೆಗೆ ಮಕ್ಕಳನ್ನು ಕಳುಹಿಸುವವರಾರು? ಮಕ್ಕಳು ಬಾರದಿದ್ದರೆ ಕನ್ನಡದವರು ಹೆಚ್ಚುವರಿಯಾಗುತ್ತಾರೆ. ಈ ಸರಪಳಿಯ ಒಂದು ಕೊಂಡಿಯು ಸರ್ಕಾರದ ಕೈಯಲ್ಲಿಯೂ ಇದೆಯೆಂದು ಮಂಡಳಿಯವರು ಹೇಳಿದರೆ ನಾವು ಅಲ್ಲಗಳೆಯಲಾರೆವು. ಅದಾದರೂ ಬಿಲ್ಲಿನಿಂದ ಹೆಸರನ್ನು ಕಿತ್ತುಹಾಕಲು ಸಾಕಾದ ಕಾರಣವಲ್ಲ.

ಸರ್ಕಾರಿ ಶಾಲೆಯ ಉಪಾಧ್ಯಾಯರು ಹೆಚ್ಚಾದಾಗ ಏನಾಗುತ್ತದೆ? ವರ್ಗಾವಣೆಯನ್ನು ಕುರಿತ ೨೦೨೦ರ ಕಾಯಿದೆಯ ಪ್ರಕಾರ ಅವರನ್ನು ಬೇರೆ ಶಾಲೆಗೆ ಕಳುಹಿಸುತ್ತಾರೆ. ಅದರ ಮೇಲೆಯೂ ಗೊಣಗಾಟವಿದೆ, ದಾವೆಗಳಿವೆ. ಮುದಿತಾಯಿಯನ್ನು ಬಿಟ್ಟು ದೂರದ ತಾಲ್ಲೂಕಿಗೆ ಹೋಗಬೇಕಾದವರ ಕಷ್ಟವು ಸಣ್ಣದಲ್ಲ. ಆದರೆ ಹಳೆಯ ಶಾಲೆಯಿಂದ ಬಿಡುಗಡೆಯಾದ ಮರುದಿನ ಹೊಸ ಶಾಲೆಯಲ್ಲಿ ಅವರ ಸಂಬಳವು ಪ್ರಾರಂಭವಾಗುತ್ತದೆ. ಅವರದು ಊರಿನ ಪ್ರಶ್ನೆ, ಇವರದು ಅನ್ನದ ಪ್ರಶ್ನೆ.

ನಮ್ಮ ಬೇಡಿಕೆಯು ದೊಡ್ಡದಲ್ಲ. ಸೇರಬೇಕಾದ ಶಾಲೆಯ ಹೆಸರನ್ನು ಬರೆದ ಆಜ್ಞೆಯು ಕೈಗೆ ಬರುವವರೆಗೆ ಯಾವ ಅನುದಾನಿತ ಉಪಾಧ್ಯಾಯನನ್ನೂ ಶಾಲೆಯಿಂದ ಬಿಡಿಸಕೂಡದು, ಬಿಲ್ಲಿನಿಂದ ಬಿಡಕೂಡದು. ಮಂಡಳಿಯು ಬಿಲ್ಲನ್ನು ಕಳುಹಿಸದಿದ್ದರೆ ಕ್ಷೇತ್ರ ಶಿಕ್ಷಣಾಧಿಕಾರಿಗಳೇ ಅದನ್ನು ಬರೆದು ಸಂಬಳವನ್ನು ಕೊಟ್ಟುಬಿಡಲಿ. ತಪ್ಪು ಮಂಡಳಿಯದೆಂದು ಆಮೇಲೆ ಸ್ಥಾಪಿತವಾದರೆ ಅದರ ಅನುದಾನದಿಂದ ಮುರಿದುಕೊಳ್ಳಲಿ. ಸರ್ಕಾರಕ್ಕೆ ಮಂಡಳಿಯಿಂದ ವಸೂಲು ಮಾಡುವ ಶಕ್ತಿಯಿದೆ, ಕಾಯುವ ಶಕ್ತಿಯೂ ಇದೆ. ಉಪಾಧ್ಯಾಯನಿಗೆ ಇವೆರಡೂ ಇಲ್ಲ. ಬೆಂಗಳೂರು ದಕ್ಷಿಣದ ಅನುದಾನಿತ ಶಾಲೆಗಳಲ್ಲಿ ಹೆಚ್ಚುವರಿಯೆಂದು ಬರೆದವರು ಯಾರು, ಖಾಲಿಯಿರುವ ಹುದ್ದೆಗಳು ಯಾವುವು ಎಂಬ ಎರಡು ಪಟ್ಟಿಗಳನ್ನು ಅಕ್ಕಪಕ್ಕದಲ್ಲಿಟ್ಟು ಪ್ರಕಟಿಸುವುದಕ್ಕೆ ಯಾವ ಹೊಸ ಕಾಯಿದೆಯೂ ಬೇಕಾಗಿಲ್ಲ, ಒಬ್ಬ ಗುಮಾಸ್ತೆಯ ಎರಡು ದಿನಗಳ ಕೆಲಸ ಸಾಕು. ಶಿಕ್ಷಣ ಮಂತ್ರಿಗಳು ಕೇಳುವುದಾದರೆ ಈ ಪತ್ರಿಕೆಯಲ್ಲಿ ಅದನ್ನು ನಾವು ಬಿಟ್ಟಿಯಾಗಿ ಅಚ್ಚುಹಾಕುತ್ತೇವೆ.

ಇದೇ ಗವಿಪುರದಲ್ಲಿ ಬಾಳಿದ ಮಾಸ್ತಿ ವೆಂಕಟೇಶ ಅಯ್ಯಂಗಾರ್ಯರು ತಮಗಿಂತ ಕಿರಿಯರೊಬ್ಬರಿಗೆ ಮೇಲಿನ ಹುದ್ದೆ ದೊರೆತಾಗ ೧೯೪೩ರಲ್ಲಿ ಮೈಸೂರು ಸರ್ಕಾರದ ದೊಡ್ಡ ಕೆಲಸವನ್ನು ಬಿಟ್ಟು ಮನೆಗೆ ನಡೆದರು. ಅದನ್ನು ನೆನಪಿಸಿ, ಹೀಗೆ ಅಪಮಾನವನ್ನು ಸಹಿಸುವುದಕ್ಕಿಂತ ರಾಜೀನಾಮೆ ಕೊಟ್ಟು ಮನೆಪಾಠಕ್ಕೆ ನಿಲ್ಲಬಾರದೇಕೆ ಎಂದು ನಾವು ಉಪಾಧ್ಯಾಯರನ್ನು ಕೇಳಿದೆವು. ಕೇಳಬಾರದಾಗಿತ್ತು. “ಮಾಸ್ತಿಯವರು ರಾಜೀನಾಮೆ ಕೊಟ್ಟಾಗ ಅವರ ಸೇವೆಯನ್ನು ಯಾರೂ ಅಳಿಸಲಿಲ್ಲ, ಸ್ವಾಮಿ. ನಾನು ಕೊಟ್ಟರೆ ಇಪ್ಪತ್ತೆರಡು ವರ್ಷವೂ ಹೋಗುತ್ತದೆ” ಎಂದು ಅವರು ಕಾಗದಗಳನ್ನು ಒಂದೊಂದಾಗಿ ಚೀಲಕ್ಕೆ ಸೇರಿಸಿದರು.

ಹೊರಡುವಾಗ ಇನ್ನೊಂದು ಸಂಗತಿಯನ್ನು ಹೇಳಿದರು. ಹಿಂದಿನ ವಾರ ಇನ್ನಿಬ್ಬರು ಉಪಾಧ್ಯಾಯರಲ್ಲಿ ಒಬ್ಬರು ಜ್ವರವೆಂದು ರಜೆ ಹಾಕಿದ್ದರಂತೆ. ಮುಖ್ಯೋಪಾಧ್ಯಾಯಿನಿಯವರು ಜಗಲಿಯ ಮೇಲೆ ಕುಳಿತಿದ್ದ ಇವರನ್ನು ಕರೆದು ಮೂರು ಮತ್ತು ನಾಲ್ಕನೆಯ ತರಗತಿಗಳನ್ನು ಒಪ್ಪಿಸಿದರು. ನಾಲ್ಕು ದಿನಗಳೂ ಇವರು ಪಾಠ ಹೇಳಿದರು. ಮಕ್ಕಳು ಹೊಸ ಮೇಷ್ಟ್ರು ಬಂದರೆಂದು ಸಂತೋಷಪಟ್ಟರಂತೆ. ಐದನೆಯ ದಿನ ಜ್ವರ ಬಿಟ್ಟಿತು, ಇವರು ಜಗಲಿಗೆ ಹಿಂದಿರುಗಿದರು. ಆ ನಾಲ್ಕು ದಿನಗಳ ಹಾಜರಿಯನ್ನು ಯಾವ ಪುಸ್ತಕದಲ್ಲಿ ಬರೆಯುವುದೆಂದು ಕೇಳಿ ಮುಖ್ಯೋಪಾಧ್ಯಾಯಿನಿಯವರು ಇಲಾಖೆಗೆ ಒಂದು ಪತ್ರವನ್ನು ಕಳುಹಿಸಿದ್ದಾರೆ. ಅದಕ್ಕೂ ಉತ್ತರ ಬಂದಿಲ್ಲ.